ಕೇದಾರದ ಕಾಲುದಾರಿ

ಯಾತ್ರೆಗೆ ಹೊರಡುವ ಸದ್ಭಕ್ತರು ಮಠಕ್ಕೆ ಬಂದು ಆಶೀರ್ವಾದ ಬೇಡುವುದು ಹಿಂದಿನಿಂದ ನಡೆದುಬಂದ ಪದ್ಧತಿ. ಕೇದಾರಕ್ಕೆ ಹೊರಟವರಿಗೆ ವಿಭೂತಿ ಕೊಡುವ ಮುನ್ನ ನಾವು ಕೇಳುವುದು ಒಂದೇ ಪ್ರಶ್ನೆ: “ಎಷ್ಟು ದಿನದ ಪ್ರಯಾಣ?” ಇಪ್ಪತ್ತೈದು ಮೂವತ್ತು ವರ್ಷಗಳ ಹಿಂದೆ ಈ ಪ್ರಶ್ನೆಗೆ ಇಪ್ಪತ್ತು ದಿನ, ತಿಂಗಳು ಎಂಬ ಉತ್ತರ ಬರುತ್ತಿತ್ತು. ರೈಲಿನಲ್ಲಿ ಎರಡು ಮೂರು ದಿನ, ಹರಿದ್ವಾರ ಹೃಷೀಕೇಶಗಳಲ್ಲಿ ಒಂದೆರಡು ದಿನ, ಆಮೇಲೆ ಬಸ್ಸು, ಆಮೇಲೆ ಕಾಲ್ನಡಿಗೆ. ಈಗ, “ನಾಲ್ಕೇ ದಿನ ಬುದ್ಧೀ, ಸೋಮವಾರಕ್ಕೆ ಆಫೀಸಿಗೆ ಹಾಜರು” ಎನ್ನುತ್ತಾರೆ. ಹಾಗೆನ್ನುವಾಗ ಅವರ ಮುಖದಲ್ಲಿ ಒಂದು ಬಗೆಯ ಹೆಮ್ಮೆಯೂ ಇರುತ್ತದೆ. ನಮಗಾದರೋ ಆ ಉತ್ತರವನ್ನು ಕೇಳಿದೊಡನೆ ಮನಸ್ಸಿಗೆ ಆತಂಕವಾಗುತ್ತದೆ. ಅದೇಕೆಂಬುದನ್ನು ಬಂದವರಿಗೆಲ್ಲ ಬಿಡಿಬಿಡಿಯಾಗಿ ಹೇಳುವುದಕ್ಕಿಂತ ಬರೆದು ತಿಳಿಸುವುದು ಲೇಸೆಂದು ತೋರಿತು.

ಮೊದಲಿಗೆ ಒಂದು ಆಕ್ಷೇಪಣೆಗೆ ಉತ್ತರ ಹೇಳಿಬಿಡುವುದು ಒಳ್ಳೆಯದು. ಅಂಗದ ಮೇಲೆ ಇಷ್ಟಲಿಂಗವನ್ನು ಧರಿಸಿದವನಿಗೆ ಬೆಟ್ಟದ ಮೇಲಿನ ಸ್ಥಾವರದ ಹಂಗೇಕೆ, ತೀರ್ಥಕ್ಷೇತ್ರಗಳ ಅಲೆದಾಟವೇಕೆ ಎಂದು ನಮ್ಮ ಹಳೆಯ ವಿದ್ಯಾರ್ಥಿಗಳೇ ಕೆಲವರು ಕೇಳುವುದುಂಟು. ಪ್ರಶ್ನೆ ಸರಿಯಾದದ್ದೇ. ಕೇದಾರಕ್ಕೆ ಹೋಗದಿದ್ದರೆ ಲಿಂಗವಂತನಿಗೆ ಕೊರತೆಯೇನೂ ಆಗದು. ಆದರೆ ಹಿಮವತ್ಕೇದಾರ ಪೀಠ ಪಂಚಪೀಠಗಳಲ್ಲಿ ಒಂದು. ಊಖೀಮಠದಲ್ಲಿರುವ ರಾವಲರದು ವೀರಶೈವ ಜಂಗಮ ಪರಂಪರೆ. ಅವರ ಅಧೀನದಲ್ಲಿ ಗುಡಿಯ ಪೂಜೆ ನಡೆಸುವ ಅರ್ಚಕರು ಕನ್ನಡ ನಾಡಿನಿಂದ ಹೋದವರು. ನಮ್ಮವರು ಶತಮಾನಗಳಿಂದ ನಡೆದ ದಾರಿಯೆಂಬ ಅಭಿಮಾನವೊಂದು, ಬೆಟ್ಟ ಹತ್ತುವುದರಲ್ಲಿ ನಮಗಿರುವ ಬಾಲ್ಯದ ಆಸೆಯೊಂದು, ಇವೆರಡು ಸೇರಿ ನಮ್ಮನ್ನು ಮತ್ತೆ ಮತ್ತೆ ಅತ್ತ ಎಳೆದಿವೆ. ಇದಕ್ಕಿಂತ ದೊಡ್ಡ ಸಮರ್ಥನೆಯನ್ನು ನಾವು ಕೊಡಲಾರೆವು.

ಇನ್ನು ದಾರಿಯ ವಿಚಾರ. ಕಾಲ್ನಡಿಗೆ ಆರಂಭವಾಗುವುದು ಗೌರೀಕುಂಡದಲ್ಲಿ. ಸಮುದ್ರಮಟ್ಟದಿಂದ ಅದರ ಎತ್ತರ ಸುಮಾರು ೧,೯೮೦ ಮೀಟರು. ನಮ್ಮ ಕರ್ನಾಟಕದ ಅತ್ಯುನ್ನತ ಶಿಖರವಾದ ಮುಳ್ಳಯ್ಯನಗಿರಿಯ ಎತ್ತರ ಸುಮಾರು ೧,೯೩೦ ಮೀಟರು. ಈ ಎರಡು ಅಂಕಿಗಳನ್ನು ಅಕ್ಕಪಕ್ಕದಲ್ಲಿಟ್ಟು ಒಂದು ಕ್ಷಣ ಆಲೋಚಿಸಬೇಕು. ಮುಳ್ಳಯ್ಯನ ಗದ್ದುಗೆಯ ಮುಂದೆ ನಿಂತು ಇನ್ನು ಹತ್ತುವುದಕ್ಕೆ ಏನೂ ಉಳಿದಿಲ್ಲವೆಂದು ನಾವು ನಿಟ್ಟುಸಿರು ಬಿಡುವ ಎತ್ತರಕ್ಕಿಂತಲೂ ಮೇಲೆ ಕೇದಾರದ ದಾರಿಯ ಮೊದಲ ಮೆಟ್ಟಿಲಿದೆ! ಕರ್ನಾಟಕವನ್ನು ಬಿಟ್ಟು ಹೊರಗೆ ಹೋಗದವನ ದೇಹ ಅಲ್ಲಿಯವರೆಗಿನ ಗಾಳಿಯನ್ನೇ ಉಸಿರಾಡಿರುವುದಿಲ್ಲ. ಅಲ್ಲಿಂದ ಮುಂದೆ ೧೬ ಕಿಲೋಮೀಟರು ನಡೆದು, ೧,೬೦೦ ಮೀಟರಿನಷ್ಟು ಏರಿ, ೩,೫೮೩ ಮೀಟರಿನ ಕೇದಾರವನ್ನು ಮುಟ್ಟಬೇಕು. ಗಾಳಿಯಲ್ಲಿ ಪ್ರಾಣವಾಯುವಿನ ಪ್ರಮಾಣ ಎಲ್ಲೆಡೆಯೂ ಶೇಕಡ ೨೧ರಷ್ಟೇ. ಆದರೆ ಮೇಲೇರಿದಂತೆ ವಾಯುವಿನ ಒತ್ತಡ ತಗ್ಗುವುದರಿಂದ ಕೇದಾರದಲ್ಲಿ ಒಂದು ಉಸಿರಿಗೆ ನಮಗೆ ದಕ್ಕುವ ಪ್ರಾಣವಾಯು ಸಮುದ್ರತೀರದವನಿಗೆ ದಕ್ಕುವುದರ ಮೂರರಲ್ಲಿ ಎರಡು ಪಾಲು ಮಾತ್ರ. ದೇಹವು ಇದಕ್ಕೆ ಹೊಂದಿಕೊಳ್ಳಬಲ್ಲದು. ಉಸಿರಾಟವನ್ನು ಆಳಗೊಳಿಸುತ್ತದೆ, ರಕ್ತದ ಗುಣವನ್ನು ಬದಲಿಸಿಕೊಳ್ಳುತ್ತದೆ. ಆದರೆ ಅದಕ್ಕೆ ಗಂಟೆಗಳು ಸಾಲವು, ದಿನಗಳು ಬೇಕು.

ನಾವು ಈ ದಾರಿಯನ್ನು ಮೊದಲು ಹತ್ತಿದ್ದು ೧೯೯೪ರಲ್ಲಿ. ಆಗ ನಾವು ಕಾಶಿಯಲ್ಲಿ ಇದ್ದೆವು. ಬೆಳಗ್ಗೆ ಪಂಡಿತರ ಬಳಿ ಶಾಸ್ತ್ರಪಾಠ, ಮಧ್ಯಾಹ್ನ ಹಿಂದೂ ವಿಶ್ವವಿದ್ಯಾಲಯದಲ್ಲಿ ಎಂ.ಎ. ತರಗತಿ. ರಜೆಯಲ್ಲಿ ಮೂವರು ಸಹಪಾಠಿಗಳು ಸೇರಿ ಹೊರಟೆವು. ಅಂದಿನ ದಾರಿ ೧೪ ಕಿಲೋಮೀಟರಿನದು. ಜಂಗಲ್ ಚಟ್ಟಿ ದಾಟಿ ಸರಿಸುಮಾರು ನಡುದಾರಿಯಲ್ಲಿ ರಾಮ್‌ಬಾಡಾ ಎಂಬ ಚಿಕ್ಕ ಊರು ಸಿಗುತ್ತಿತ್ತು. ಮಂದಾಕಿನಿಯ ದಡದಲ್ಲೇ ತಗಡಿನ ಮಾಡಿನ ಅಂಗಡಿಗಳು, ಹೊಗೆಯಾಡುವ ಒಲೆಗಳು, ಹೇಸರಗತ್ತೆಗಳ ಗಂಟೆಯ ಸದ್ದು. ಅಲ್ಲಿ ಪೂರಿ ಮಾಡುತ್ತಿದ್ದ ಒಬ್ಬ ಮುದುಕ ನಮ್ಮ ಕಾವಿಯನ್ನು ಕಂಡು ಹಣ ಬೇಡವೆಂದ. ಬಲವಂತ ಮಾಡಿದರೆ ಇಳಿಯುವಾಗ ಕೊಡಿ ಎಂದ. ಇಳಿಯುವಾಗಲೂ ಅದನ್ನೇ ಹೇಳಿದ. ರಾಮ್‌ಬಾಡಾದಿಂದ ಮೇಲೆ ಏರು ಕಡಿದಾಗುತ್ತಿತ್ತು. ಗರುಡ ಚಟ್ಟಿಯ ಬಳಿ ಮರಗಳು ಮುಗಿದು ಬರೀ ಹುಲ್ಲು, ಬಂಡೆ, ಎದುರಿಗೆ ಹಿಮದ ಗೋಡೆ.

೨೦೧೩ರ ಜೂನ್ ೧೬ರ ಸಂಜೆ ಮತ್ತು ೧೭ರ ಮುಂಜಾನೆ ಆ ಕಣಿವೆಯಲ್ಲಿ ಆದದ್ದು ಲೋಕಕ್ಕೆಲ್ಲ ತಿಳಿದಿದೆ. ಎಡೆಬಿಡದ ಮಳೆಯಿಂದ ಹೊಳೆ ಉಕ್ಕಿತು. ಗುಡಿಯ ಮೇಲ್ಭಾಗದ ಚೋರಾಬಾರಿ ಸರೋವರದ ಒಡ್ಡು ಒಡೆದು ನೀರೂ ಕಲ್ಲುಗುಂಡುಗಳೂ ಒಟ್ಟಾಗಿ ಧುಮುಕಿದವು. ಗುಡಿಯ ಬೆನ್ನಿಗೆ ಬಂದು ನಿಂತ ಹೆಬ್ಬಂಡೆಯೊಂದು ಪ್ರವಾಹವನ್ನು ಇಬ್ಭಾಗ ಮಾಡಿದ್ದರಿಂದ ಗುಡಿ ಉಳಿಯಿತು. ಸಾವಿರಾರು ಜನ ಉಳಿಯಲಿಲ್ಲ. ರಾಮ್‌ಬಾಡಾ ನೆಲಸಮವಾಯಿತೆನ್ನುವುದೂ ತಪ್ಪು, ಅದು ನಿಂತಿದ್ದ ನೆಲವೇ ಹೋಯಿತು. ಇಂದಿನ ದಾರಿ ಭೀಮಬಲಿಯವರೆಗೆ ಹಳೆಯ ದಡದಲ್ಲೇ ಸಾಗಿ, ಮುಂದೆ ಸೇತುವೆಯ ಮೇಲೆ ಹೊಳೆಯನ್ನು ದಾಟಿ, ಎದುರು ದಡದ ಇಳಿಜಾರಿನಲ್ಲಿ ಲಿಂಚೋಲಿಯ ಮೂಲಕ ಏರುತ್ತದೆ. ಈ ದಾರಿಯೂ ಶಾಶ್ವತವೆಂದು ಯಾರೂ ಹೇಳಲಾರರು. ೨೦೨೪ರ ಜುಲೈ ೩೧ರ ರಾತ್ರಿಯ ಮೇಘಸ್ಫೋಟದಲ್ಲಿ ಅಲ್ಲಲ್ಲಿ ಕುಸಿದು ಸಾವಿರಾರು ಯಾತ್ರಿಕರು ನಡುವೆ ಸಿಕ್ಕಿಕೊಂಡಿದ್ದರು. ಎರಡನೆಯ ಸಲ ಹೋದಾಗ ಸೇತುವೆಯ ಮೇಲೆ ನಿಂತು ಆ ಪೂರಿಯ ಮುದುಕನ ಅಂಗಡಿ ಎಲ್ಲಿತ್ತೆಂದು ಗುರುತಿಸಲು ಯತ್ನಿಸಿದೆವು. ಬರೀ ಬಿಳಿಯ ಕಲ್ಲುಗಳು.

ಈ ದಾರಿಗೆ ಎಷ್ಟು ಹೊತ್ತು ಬೇಕು? ಬೆಟ್ಟ ಹತ್ತುವವರ ಲೋಕದಲ್ಲಿ ಒಂದು ಹಳೆಯ ಲೆಕ್ಕಾಚಾರವಿದೆ. ಸ್ಕಾಟ್ಲೆಂಡಿನ ನೇಸ್ಮಿತ್ ಎಂಬ ಪರ್ವತಾರೋಹಿ ೧೮೯೨ರಲ್ಲಿ ಹೇಳಿದ್ದು: ಸಮತಟ್ಟಿನಲ್ಲಿ ಗಂಟೆಗೆ ಮೂರು ಮೈಲಿ, ಅಂದರೆ ಸುಮಾರು ೫ ಕಿಲೋಮೀಟರು, ಅದರ ಮೇಲೆ ಪ್ರತಿ ಸಾವಿರ ಅಡಿ ಏರಿಗೆ ಅರ್ಧ ಗಂಟೆ ಹೆಚ್ಚು. ಕೇದಾರದ ದಾರಿಗೆ ಇದನ್ನು ಅನ್ವಯಿಸಿದರೆ ದೂರಕ್ಕೆ ಮೂರು ಗಂಟೆಯ ಮೇಲೆ ಚಿಲ್ಲರೆ, ಏರಿಗೆ ಎರಡೂವರೆ ಗಂಟೆಯ ಮೇಲೆ ಚಿಲ್ಲರೆ, ಒಟ್ಟು ಆರು ಗಂಟೆ. ಇದು ಗಟ್ಟಿಮುಟ್ಟಾದವನ ಲೆಕ್ಕ. ವಿಶ್ರಾಂತಿ ಇದರಲ್ಲಿಲ್ಲ, ತೆಳುಗಾಳಿಯ ಗಣನೆಯೂ ಇಲ್ಲ. ಸಾಮಾನ್ಯ ಯಾತ್ರಿಕ ಎಂಟು ಒಂಬತ್ತು ಗಂಟೆ ತೆಗೆದುಕೊಳ್ಳುತ್ತಾನೆ, ಅದರಲ್ಲಿ ನಾಚಿಕೆಪಡುವಂಥದ್ದೇನೂ ಇಲ್ಲ. ನಮ್ಮ ತಂಡದವರಿಗೆ ನಾವು ಹೇಳಿಕೊಡುವ ಅಳತೆ ಗಡಿಯಾರದ್ದಲ್ಲ. ಒಂದೊಂದು ಹೆಜ್ಜೆಗೆ ಷಡಕ್ಷರಿಯ ಒಂದೊಂದು ಅಕ್ಷರವನ್ನು ಬಾಯಿಬಿಟ್ಟು ಹೇಳುತ್ತ ಹತ್ತಬೇಕು. ಮಂತ್ರ ನಡುವೆ ತುಂಡಾಗಿ ಉಸಿರು ಮೇಲೆ ಬಂದರೆ ವೇಗ ಹೆಚ್ಚಾಯಿತೆಂದು ತಿಳಿದು ನಿಧಾನಿಸಬೇಕು. ಇಂದಿನ ವ್ಯಾಯಾಮ ತಜ್ಞರೂ ಮಾತಾಡುತ್ತ ನಡೆಯಬಲ್ಲಷ್ಟೇ ವೇಗದಲ್ಲಿ ನಡೆಯಿರೆಂದು ಹೇಳುತ್ತಾರೆ. ಮಾತಿಗಿಂತ ಮಂತ್ರ ಲೇಸಲ್ಲವೆ?

ನಿಧಾನದ ನಿಜವಾದ ಆಚಾರ್ಯರೆಂದರೆ ಕಂಡಿ ಹೊರುವ ನೇಪಾಳದ ಕೂಲಿಕಾರರು. ನಡೆಯಲಾಗದ ವೃದ್ಧರನ್ನು ಬೆತ್ತದ ಬುಟ್ಟಿಯಲ್ಲಿ ಕೂರಿಸಿ ಬೆನ್ನ ಮೇಲೆ ಹೊತ್ತು ಹತ್ತಿಸುತ್ತಾರೆ. ನೋಡಿದವರಿಗೆ ಇವರೇನು ಇಷ್ಟು ಮೆಲ್ಲಗೆ ನಡೆಯುತ್ತಾರೆ, ಇಷ್ಟು ಸಲ ನಿಲ್ಲುತ್ತಾರೆ ಎನಿಸುತ್ತದೆ. ಬೆಲ್ಜಿಯಂ ದೇಶದ ವಿಜ್ಞಾನಿಗಳು ನೇಪಾಳದ ಹೊರೆಯಾಳುಗಳನ್ನು ಅಭ್ಯಸಿಸಿ ೨೦೦೫ರಲ್ಲಿ ಪ್ರಕಟಿಸಿದ ಒಂದು ಸಂಶೋಧನೆಯನ್ನು ನಾವು ಓದಿದ್ದೇವೆ. ಆ ಗಂಡಸರು ಹೊರುತ್ತಿದ್ದ ಹೊರೆ ಸರಾಸರಿ ಅವರ ದೇಹತೂಕದ ಶೇಕಡ ೯೩ರಷ್ಟು! ಅಷ್ಟು ಹೊತ್ತೂ ಅವರು ವ್ಯಯಿಸುವ ಶಕ್ತಿ ನಮ್ಮ ಊಹೆಗಿಂತ ಬಹಳ ಕಡಿಮೆ. ಮೆಲ್ಲಗೆ ನಡೆದು, ಪದೇ ಪದೇ ನಿಂತು, ಬಹಳ ಗಂಟೆಗಳ ಕಾಲ ಸಾಗುವುದು ಅವರ ಪದ್ಧತಿ. ಕಾಯಕವೆಂಬ ಮಾತನ್ನು ನಾವು ವೇದಿಕೆಗಳ ಮೇಲೆ ಬಹಳ ಸುಲಭವಾಗಿ ಬಳಸುತ್ತೇವೆ. ಭಕ್ತರು ಅವರೊಡನೆ ಕೂಲಿಗಾಗಿ ಚೌಕಾಶಿ ಮಾಡುವುದನ್ನು ಕಂಡಾಗ ನಮಗೆ ಬೇಸರವಾಗುತ್ತದೆ.

ಇಷ್ಟು ಹೇಳಿದ ಮಾತ್ರಕ್ಕೆ ನಾವು ಬೆಟ್ಟದಲ್ಲಿ ಓಡುವುದಕ್ಕೆ ವಿರೋಧಿಗಳೆಂದು ಭಾವಿಸಬಾರದು. ನಮ್ಮ ಪ್ರಸಾದನಿಲಯದ ಹುಡುಗರು ಮಠದ ಹಿಂದಿನ ಗುಡ್ಡಕ್ಕೆ ಬೆಳಗ್ಗೆ ಓಡಿ ಹೋಗಿ ಬರುತ್ತಾರೆ. ಮೊಣಕಾಲು ಸಹಕರಿಸುವವರೆಗೆ ನಾವೂ ಅವರ ಹಿಂದೆ ಹೋಗುತ್ತಿದ್ದೆವು. ಸ್ವಾಮಿಗಳು ಕಾವಿಯನ್ನು ಎತ್ತಿ ಕಟ್ಟಿ ಓಡುವುದೇ ಎಂದು ಹಿರಿಯರೊಬ್ಬರು ಮುನಿದದ್ದೂ ಉಂಟು. ಬೆಟ್ಟದ ಓಟವೆಂಬುದು ಈಗ ಲೋಕವ್ಯಾಪಿಯಾದ ಸಾಧನೆ. ಇಂಗ್ಲೆಂಡಿನ ಕೆಸ್ವಿಕ್ ಎಂಬ ಊರಿನಲ್ಲಿ ಅತಿಥಿಗೃಹ ನಡೆಸುತ್ತಿದ್ದ ಬಾಬ್ ಗ್ರಹಾಂ ಎಂಬಾತ ೧೯೩೨ರ ಜೂನ್ ತಿಂಗಳಲ್ಲಿ ೨೪ ಗಂಟೆಗಳೊಳಗೆ ಆ ಸೀಮೆಯ ೪೨ ಶಿಖರಗಳನ್ನು ಹತ್ತಿ ಇಳಿದು ಮನೆ ಸೇರಿದ. ೧೯೬೦ರವರೆಗೆ ಅವನನ್ನು ಯಾರೂ ಮೀರಿಸಲಿಲ್ಲ. ನಮ್ಮ ಲಡಾಖಿನಲ್ಲಿ ಖರ್ದುಂಗ್ ಹಳ್ಳಿಯಿಂದ ಅದೇ ಹೆಸರಿನ ಕಣಿವೆದಾರಿಯನ್ನು ದಾಟಿ ಲೇಹ್ ಪಟ್ಟಣಕ್ಕೆ ೭೨ ಕಿಲೋಮೀಟರು ಓಡುವ ಸ್ಪರ್ಧೆಯಿದೆ. ಅಲ್ಲಿ ಓಡುವವರು ಸ್ಪರ್ಧೆಗೆ ಬಹಳ ದಿನ ಮೊದಲೇ ಲಡಾಖಿಗೆ ಬಂದು ಗಾಳಿಗೆ ಒಗ್ಗಿಕೊಳ್ಳಬೇಕು. ಓಟದ ಸುದ್ದಿಯನ್ನು ಕೇಳಿ ಉತ್ಸಾಹಗೊಂಡವರು ಈ ಎರಡನೆಯ ವಾಕ್ಯವನ್ನು ಮರೆತುಬಿಡುತ್ತಾರೆ.

ಬೆಟ್ಟದ ಹವೆಯನ್ನು ಲಘುವಾಗಿ ಕಂಡರೆ ಏನಾಗುವುದೆಂಬುದಕ್ಕೆ ಚೀನಾ ದೇಶದ ಗಾನ್ಸು ಪ್ರಾಂತದ ದುರಂತವೇ ಸಾಕ್ಷಿ. ೨೦೨೧ರ ಮೇ ೨೨ರಂದು ನೂರು ಕಿಲೋಮೀಟರಿನ ಬೆಟ್ಟದೋಟಕ್ಕೆ ೧೭೨ ಮಂದಿ ಹೊರಟರು. ಹಲವರು ತೊಟ್ಟಿದ್ದು ಚಡ್ಡಿ, ತೆಳು ಅಂಗಿ. ಮಧ್ಯಾಹ್ನದ ಹೊತ್ತಿಗೆ ಬಿರುಗಾಳಿ, ತಣ್ಣನೆಯ ಮಳೆ, ಆಲಿಕಲ್ಲು. ಇಪ್ಪತ್ತೊಂದು ಮಂದಿ ಚಳಿಗೆ ಸಿಕ್ಕಿ ಸತ್ತರು. ಅವರಲ್ಲಿ ಆ ದೇಶದ ಹೆಸರಾಂತ ಓಟಗಾರರೂ ಇದ್ದರು. ಗುಹೆಯೊಂದರಲ್ಲಿ ಮಳೆಗೆ ಮರೆಯಾಗಿದ್ದ ಕುರಿಗಾಹಿಯೊಬ್ಬ ಆರು ಮಂದಿಯನ್ನು ಒಳಗೆ ಕರೆದು ಬೆಂಕಿ ಕಾಯಿಸಿ ಬದುಕಿಸಿದ. ಕೇದಾರದ ದಾರಿಯಲ್ಲಿಯೂ ಬೆಳಗ್ಗೆ ಬಿಸಿಲು, ಮಧ್ಯಾಹ್ನ ಮಳೆ ಸಾಮಾನ್ಯ. ಉಣ್ಣೆಯ ಅಂಗಿ, ಮಳೆಯ ಅಂಗಿ ಎರಡೂ ಹೆಗಲ ಮೇಲಿರಬೇಕು. ಹೇಸರಗತ್ತೆಯ ಮೇಲೆ ಮುಂದೆ ಕಳುಹಿಸಿದ ಗಂಟಿನಲ್ಲಲ್ಲ.

ಈಗ ೨೦೨೨ರ ಸೆಪ್ಟೆಂಬರಿನ ಸಂಗತಿಗೆ ಬರೋಣ. ಅದನ್ನು ಕುರಿತು ಊರಲ್ಲಿ ಬಗೆಬಗೆಯ ಮಾತು ಹುಟ್ಟಿಕೊಂಡಿದ್ದರಿಂದ ನಡೆದದ್ದನ್ನು ನಡೆದಂತೆ ಬರೆಯುವುದು ಯುಕ್ತ. ಸಂಬಂಧಪಟ್ಟವರ ಒಪ್ಪಿಗೆಯಿದೆ; ಹೆಸರು ಬರೆಯುವ ಅಗತ್ಯವಿಲ್ಲ.

ನಾವು ಹತ್ತೊಂಬತ್ತು ಮಂದಿ ಹೊರಟಿದ್ದೆವು. ಬಹುಪಾಲು ಐವತ್ತು ದಾಟಿದವರು. ಎಲ್ಲರಿಗಿಂತ ಹಿರಿಯರೆಂದರೆ ಮಠದ ಶಾಲೆಯಲ್ಲಿ ಮೂವತ್ತು ವರ್ಷ ಪಾಠ ಹೇಳಿ ನಿವೃತ್ತರಾದ ಮೇಷ್ಟರು, ಆಗ ಅವರಿಗೆ ಅರವತ್ತೆಂಟು. ಗುಪ್ತಕಾಶಿಯಲ್ಲಿ ಎರಡು ರಾತ್ರಿ, ಗೌರೀಕುಂಡದಲ್ಲಿ ಒಂದು ರಾತ್ರಿ ಕಳೆದು ಹತ್ತಬೇಕೆಂಬುದು ನಮ್ಮ ಯೋಜನೆ. ಮಠದ ಹಳೆಯ ವಿದ್ಯಾರ್ಥಿಯೊಬ್ಬ, ಬೆಂಗಳೂರಿನಲ್ಲಿ ಇಂಜಿನಿಯರು, ಕೊನೆಯ ಗಳಿಗೆಯಲ್ಲಿ ತಾನೂ ಬರುವೆನೆಂದ. ಲಡಾಖಿನ ಆ ಓಟಕ್ಕೆ ಸಿದ್ಧತೆ ನಡೆಸಿದ್ದ ಹುಡುಗ. ವಯಸ್ಸು ಮೂವತ್ತರ ಒಳಗೆ, ಮೈಯಲ್ಲಿ ಒಂದು ತೊಲ ಹೆಚ್ಚಿನ ಮಾಂಸವಿಲ್ಲ. ನಮ್ಮೊಡನೆ ಗುಪ್ತಕಾಶಿಗೇ ಬಾ ಎಂದರೆ ರಜೆಯಿಲ್ಲವೆಂದ. ಬೆಳಗಿನ ವಿಮಾನದಲ್ಲಿ ದೆಹರಾದೂನಿಗೆ ಬಂದು, ಇಡೀ ದಿನ ಕಾರಿನಲ್ಲಿ ಕುಳಿತು, ರಾತ್ರಿ ಸೋನಪ್ರಯಾಗ ಸೇರಿ, ಮರುದಿನ ಬೆಳಕು ಹರಿಯುವಾಗ ಗೌರೀಕುಂಡದಿಂದ ನಮ್ಮ ಜೊತೆಗೆ ಹೊರಟ. ಸಂಜೆ ನಮ್ಮೊಡನೆ ಮೇಲೆ ತಂಗುವ ಬದಲು, ಹತ್ತಿ ದರ್ಶನ ಮಾಡಿ ಅಂದೇ ಇಳಿದುಬಿಡು ಎಂದು ಹೇಳಿದ್ದೆವು. ವಿನಯದಿಂದ ತಲೆಯಾಡಿಸಿದ. ಜಂಗಲ್ ಚಟ್ಟಿಯವರೆಗೆ ಮೇಷ್ಟರ ಚೀಲ ಹೊತ್ತು ನಡೆದ. ಆಮೇಲೆ ಅಪ್ಪಣೆ ಪಡೆದು ಓಡಿದ. ಆ ಓಟವನ್ನು ನೋಡುವುದೇ ಒಂದು ಸಂತೋಷ. ಕಲ್ಲಿನಿಂದ ಕಲ್ಲಿಗೆ ಮೇಕೆಯಂತೆ ಹಾರುತ್ತ ತಿರುವಿನಲ್ಲಿ ಕಣ್ಮರೆಯಾದ.

ನಾವು ಒಂಬತ್ತು ಗಂಟೆ ನಡೆದು ಸಂಜೆ ನಾಲ್ಕರ ಹೊತ್ತಿಗೆ ಮೇಲೆ ಸೇರಿದಾಗ ಅವನು ಎಲ್ಲರಿಗೂ ಚಹಾ ಹೇಳಿ ಕಾಯುತ್ತಿದ್ದ. ಇಳಿದಿರಲಿಲ್ಲ, ಬೆಳಗಿನ ಪೂಜೆಯನ್ನು ಎಲ್ಲರೊಡನೆ ನೋಡಬೇಕೆಂದು ತಾಯಿಯ ಹರಕೆ ಇದೆಯೆಂದ. ಏಳು ಗಂಟೆಗೆ ತಲೆನೋವೆಂದ, ಊಟ ಬೇಡವೆಂದ. ಹನ್ನೊಂದಕ್ಕೆ ವಾಂತಿ. ರಾತ್ರಿ ಎರಡರ ಸುಮಾರಿಗೆ ಅವನ ಕೋಣೆಯಲ್ಲಿ ಮಲಗಿದ್ದ ಮೇಷ್ಟರು ಬಂದು ನಮ್ಮನ್ನು ಎಬ್ಬಿಸಿ, “ಹುಡುಗ ಬಹಿರ್ದೆಸೆಗೆ ಎದ್ದವನು ಕುಡಿದವನ ಹಾಗೆ ತೂರಾಡುತ್ತಿದ್ದಾನೆ” ಎಂದರು. ನೆಲದ ಚಪ್ಪಡಿಗಳ ಸಂದಿನ ಗೆರೆಯ ಮೇಲೆ ಹಿಮ್ಮಡಿಗೆ ಹೆಬ್ಬೆರಳು ತಾಗಿಸಿ ನಾಲ್ಕು ಹೆಜ್ಜೆ ನಡೆಯಲು ಹೇಳಿದೆವು. ಮೂರನೆಯ ಹೆಜ್ಜೆಗೆ ಗೋಡೆ ಹಿಡಿದ. ಎತ್ತರದ ಬೇನೆಯಲ್ಲಿ ತಲೆನೋವು ವಾಂತಿಗಳು ಮೊದಲ ಎಚ್ಚರಿಕೆ. ನಡಿಗೆ ತಪ್ಪಿತೆಂದರೆ ಮಿದುಳು ಬಾತುಕೊಳ್ಳುತ್ತಿದೆಯೆಂದು ಅರ್ಥ. ಅಲ್ಲಿಂದ ಮುಂದೆ ಕಾಯುವುದೆಂದರೆ ಪ್ರಾಣದೊಡನೆ ಆಡಿದಂತೆ. ಅಲ್ಲಿದ್ದ ವೈದ್ಯರು ಆಮ್ಲಜನಕ ಕೊಟ್ಟು, ಸೂಜಿಮದ್ದು ಕೊಟ್ಟು, ತಡಮಾಡದೆ ಕೆಳಗೆ ಇಳಿಸಿರಿ ಎಂದರು.

ಹುಡುಗ ಒಪ್ಪಲಿಲ್ಲ. “ಇನ್ನೆರಡು ಗಂಟೆಗೆ ಬಾಗಿಲು ತೆರೆಯುತ್ತದೆ ಬುದ್ಧೀ, ಒಂದು ಸಲ ಮುಖ ನೋಡಿ ಹೊರಟುಬಿಡುತ್ತೇನೆ” ಎಂದು ಕೈಹಿಡಿದುಕೊಂಡು ಅತ್ತ. ಕಿಟಕಿಯಿಂದ ಗುಡಿಯ ದೀಪ ಕಾಣುತ್ತಿತ್ತು. ನಮ್ಮ ತಂಡದಲ್ಲಿಯೂ ಇಬ್ಬರು, ಇಷ್ಟು ದೂರ ಬಂದು ದರ್ಶನವಿಲ್ಲದೆ ಮರಳುವುದು ಅಶುಭ, ಎತ್ತಿಕೊಂಡಾದರೂ ಹೋಗೋಣ ಎಂದರು. ಬಾಗಿಲು ತೆರೆದ ಮೇಲೂ ಸರದಿಯಲ್ಲಿ ಎಷ್ಟು ಹೊತ್ತು ನಿಲ್ಲಬೇಕೆಂದು ಹೇಳಬಲ್ಲವರಾರು? ನಾವು ಬೇಡವೆಂದೆವು. ಕಟುವಾಗಿಯೇ ಎಂದೆವು. ಇಬ್ಬರು ಕಂಡಿಯವರು ಬಂದರು. ನಮಗೆ ಮೊದಲೇ ದರ್ಶನವಾಗಿದೆ, ನಾವು ಇಳಿಯುತ್ತೇವೆಂದರೆ ಮೇಷ್ಟರು ಕೇಳಲಿಲ್ಲ. “ಉಳಿದವರು ನಿಮ್ಮನ್ನು ನಂಬಿ ಬಂದಿದ್ದಾರೆ. ಇವನಿಗೆ ಮಗ್ಗಿ ಕಲಿಸಿದವನು ನಾನು” ಎಂದಷ್ಟೇ ಹೇಳಿ ಟೋಪಿ ಕಟ್ಟಿಕೊಂಡರು. ಅವರಿಗೂ ಅದು ಮೊದಲ ಯಾತ್ರೆ. ಹಿಂದಿನ ದಿನ ಹತ್ತಿ ಬಂದ ಹದಿನಾರು ಕಿಲೋಮೀಟರನ್ನು ಆ ಮುದುಕ ಲಾಟೀನು ಹಿಡಿದು ಕತ್ತಲಲ್ಲಿ ಇಳಿಯತೊಡಗಿದರು. ಅಂದು ಬೆಳಗ್ಗೆ ಗರ್ಭಗುಡಿಯಲ್ಲಿ ನಿಂತಿದ್ದಾಗ ನಮ್ಮ ಮನಸ್ಸು ಲಿಂಚೋಲಿಯ ಇಳಿಜಾರಿನಲ್ಲಿತ್ತು.

ಭೀಮಬಲಿ ತಲುಪುವಷ್ಟರಲ್ಲಿ ಹುಡುಗ ಬುಟ್ಟಿಯಿಂದಲೇ ಮೇಷ್ಟರೊಡನೆ ಮಾತಾಡಿದನಂತೆ. ಗೌರೀಕುಂಡದಲ್ಲಿ ಚಹಾ ಕೇಳಿದ. ಎರಡು ದಿನದಲ್ಲಿ ಮೊದಲಿನಂತಾದ. ಬೇರೆ ಔಷಧಿಗಳಿಗಿಂತ ಮಿಗಿಲಾಗಿ ಈ ಬೇನೆಗೆ ಇಳಿಯುವುದೇ ಮದ್ದು.

ಊರಿಗೆ ಮರಳಿದ ಮೇಲೆ ಆಮೆ ಮೊಲದ ಕಥೆ ಹೇಳುವವರು ಹುಟ್ಟಿಕೊಂಡರು. ಅದು ಸರಿಯಲ್ಲ. ಹುಡುಗ ಓಡಿದ್ದರಿಂದ ಬಿದ್ದವನಲ್ಲ. ಒಂದು ದಿನದ ಹಿಂದೆ ಬೆಂಗಳೂರಿನ ೯೦೦ ಮೀಟರಿನಲ್ಲಿದ್ದವನು ಮರುರಾತ್ರಿ ೩,೫೮೩ ಮೀಟರಿನಲ್ಲಿ ಮಲಗಿದ. ಕುದುರೆಯೇರಿ ಬಂದಿದ್ದರೂ ಇದೇ ಆಗಬಹುದಿತ್ತು. ಬೇನೆ ಸಾಮಾನ್ಯವಾಗಿ ಮೇಲೇರಿದ ಆರು ಗಂಟೆಗಳ ಅನಂತರವೇ ತಲೆಯೆತ್ತುವುದರಿಂದ, ಅಂದೇ ಇಳಿದಿದ್ದರೆ ಬಹುಶಃ ಏನೂ ಆಗುತ್ತಿರಲಿಲ್ಲ. ದೇಹದಾರ್ಢ್ಯವಿದ್ದವನಿಗೆ ಇದು ಬರುವುದಿಲ್ಲವೆಂಬುದು ತಪ್ಪು ತಿಳಿವಳಿಕೆ. ಗಟ್ಟಿ ಕಾಲುಗಳು ಮನುಷ್ಯನನ್ನು ಬೇಗ ಮೇಲೊಯ್ಯುತ್ತವೆ, ಅಷ್ಟೆ. ಒಳಗಿನ ಹೊಂದಾಣಿಕೆ ತನ್ನದೇ ವೇಳೆ ತೆಗೆದುಕೊಳ್ಳುತ್ತದೆ. ಮೂರು ಸಾವಿರ ಮೀಟರಿನ ಮೇಲೆ ಮಲಗುವ ಜಾಗವನ್ನು ದಿನಕ್ಕೆ ಐನೂರು ಮೀಟರಿಗಿಂತ ಹೆಚ್ಚಿಸಬಾರದೆಂದು ಪರ್ವತವೈದ್ಯರ ಸಲಹೆ. ಮುಂಜಾಗ್ರತೆಯ ಗುಳಿಗೆಗಳಿವೆ; ವೈದ್ಯರನ್ನು ಕೇಳದೆ ಯಾರೂ ನುಂಗತಕ್ಕದ್ದಲ್ಲ.

ಹುಡುಗನ ತಾಯಿ ಮಠಕ್ಕೆ ಬಂದರು. ಬೈಯಲಿಕ್ಕೆ ಬಂದರೇನೋ ಎಂದು ಪರಿಚಾರಕರು ಹಿಂಜರಿದರು. ಆಕೆ ಕೇಳಿದ್ದು ಬೇರೆ: “ಬಾಗಿಲ ಮುಂದಿನಿಂದ ತಿರುಗಿ ಬಂದಿದ್ದಾನೆ, ಹರಕೆ ತಪ್ಪಿತಲ್ಲ, ಏನು ಮಾಡಲಿ?” ನಾವು ಹೇಳಿದೆವು: “ತಾಯಿ, ನಿಮ್ಮ ಮಗನ ಎದೆಯ ಮೇಲೆ ಲಿಂಗವಿತ್ತು. ಇಳಿಯುವಾಗ ಅದೂ ಅವನೊಡನೆ ಬುಟ್ಟಿಯಲ್ಲಿಯೇ ಇಳಿಯಿತು. ದರ್ಶನ ತಪ್ಪಿದ್ದು ಯಾರಿಗೆ?” ಆಕೆಗೆ ಪೂರ್ತಿ ಸಮಾಧಾನವಾದಂತೆ ಕಾಣಲಿಲ್ಲ. ಹರಕೆಯ ವಿಷಯದಲ್ಲಿ ತಾಯಂದಿರನ್ನು ತರ್ಕದಿಂದ ಒಪ್ಪಿಸುವುದು ಯಾರಿಗೆ ಸಾಧ್ಯವಾಗಿದೆ?

ಇದೆಲ್ಲವನ್ನು ಈಗ ಬರೆಯಲು ಇನ್ನೊಂದು ಕಾರಣವುಂಟು. ಸೋನಪ್ರಯಾಗದಿಂದ ಕೇದಾರಕ್ಕೆ ೧೨.೯ ಕಿಲೋಮೀಟರಿನ ತಂತಿಮಾರ್ಗಕ್ಕೆ ಕೇಂದ್ರ ಮಂತ್ರಿಮಂಡಲ ೨೦೨೫ರ ಮಾರ್ಚಿಯಲ್ಲಿ ಒಪ್ಪಿಗೆ ನೀಡಿತು. ಅಂದಾಜು ವೆಚ್ಚ ೪,೦೮೧ ಕೋಟಿ ರೂಪಾಯಿ. ಎಂಟು ಒಂಬತ್ತು ಗಂಟೆಗಳ ಪಯಣ ೩೬ ನಿಮಿಷಕ್ಕೆ ಇಳಿಯುವುದಂತೆ. ವೃದ್ಧರಿಗೆ, ಅಂಗವಿಕಲರಿಗೆ ಇದು ವರವೇ ಸರಿ. ಹೇಸರಗತ್ತೆಗಳ ಪಾಲಿಗೂ ವರವೆನ್ನಬೇಕು. ೨೦೨೨ರ ಯಾತ್ರೆಯಲ್ಲಿ ಅವು ದಣಿದು ದಾರಿಯಲ್ಲೇ ಸತ್ತ ಸುದ್ದಿ ಓದಿ ಮರುಗಿದವರಲ್ಲಿ ನಾವೂ ಒಬ್ಬರು. ಹೆಲಿಕಾಪ್ಟರುಗಳ ಅಪಾಯವೂ ಕಡಿಮೆಯಾದೀತು. ೨೦೨೫ರ ಜೂನ್ ೧೫ರಂದು ಗೌರೀಕುಂಡದ ಬಳಿ ಒಂದು ಬಿದ್ದು ಏಳು ಜನ ತೀರಿಕೊಂಡರು, ಅವರಲ್ಲಿ ಒಂದು ಹಸುಗೂಸು. ತಂತಿಯಲ್ಲಿ ಹೋಗುವವರಿಗೆ ನಮ್ಮ ಮಾತು ಇಷ್ಟೇ: ಅಂದೇ ಹೋಗಿ ಅಂದೇ ಇಳಿಯಿರಿ, ಮೇಲೆ ಮಲಗಬೇಡಿರಿ. ಮಲಗುವ ಆಸೆಯಿದ್ದವರು ದಿನಗಳನ್ನು ಕೈಯಲ್ಲಿಟ್ಟುಕೊಂಡು ನಡೆದು ಹೋಗಿರಿ.

ದಿನಗಳ ಲೆಕ್ಕವನ್ನು ಯಾರಿಂದ ಕಲಿಯಬೇಕೆಂದರೆ ಕೇದಾರನಾಥನಿಂದಲೇ ಕಲಿಯಬಹುದು. ಚಳಿಗಾಲದಲ್ಲಿ ಊಖೀಮಠದ ಓಂಕಾರೇಶ್ವರ ಗುಡಿಯಲ್ಲಿ ನೆಲೆಸುವ ಉತ್ಸವಮೂರ್ತಿಯ ಡೋಲಿ ವಸಂತದಲ್ಲಿ ಹೊರಟರೆ ಮೊದಲ ರಾತ್ರಿ ಗುಪ್ತಕಾಶಿಯಲ್ಲಿ, ಎರಡನೆಯದು ಫಾಟಾದಲ್ಲಿ, ಮೂರನೆಯದು ಗೌರೀಕುಂಡದಲ್ಲಿ ತಂಗಿ ನಾಲ್ಕನೆಯ ದಿನ ಕೇದಾರ ಸೇರುತ್ತದೆ. ನಮ್ಮ ಹಿರಿಯರು ವೈದ್ಯಶಾಸ್ತ್ರ ಓದಿ ಈ ಕ್ರಮವನ್ನು ಗೊತ್ತುಮಾಡಿದರೆಂದು ನಾವು ಹೇಳುವುದಿಲ್ಲ. ಹೊರುವವರ ಹೆಗಲೂ ದಾರಿಯ ದೂರವೂ ಸೇರಿ ಗೊತ್ತುಮಾಡಿದವು. ಆದರೂ ದೇವರು ನಾಲ್ಕು ದಿನ ತೆಗೆದುಕೊಳ್ಳುವ ಏರನ್ನು ಭಕ್ತ ಒಂದೇ ದಿನದಲ್ಲಿ ಮುಗಿಸಬೇಕೆನ್ನುವುದು ನಮಗೆ ಅರ್ಥವಾಗದ ಸಂಗತಿ.

ಇಳಿಯುವುದರ ಬಗ್ಗೆಯೂ ಒಂದು ಮಾತು. ಹತ್ತುವಾಗ ಉಸಿರು ಬಳಲುತ್ತದೆ. ಇಳಿಯುವಾಗ ತೊಡೆ ಮತ್ತು ಮೊಣಕಾಲು. ಇಳಿಜಾರಿನಲ್ಲಿ ತೊಡೆಯ ಸ್ನಾಯು ಹಿಗ್ಗುತ್ತಲೇ ಭಾರವನ್ನು ತಡೆಯಬೇಕಾಗುವುದರಿಂದ ಅದರ ಎಳೆಗಳು ಸೂಕ್ಷ್ಮವಾಗಿ ಹರಿಯುತ್ತವೆ. ನೋವು ಅಂದು ತಿಳಿಯದೆ ಮರುದಿನ, ಅದರ ಮರುದಿನ ಕಾಣಿಸಿಕೊಳ್ಳುತ್ತದೆ. ಇದಕ್ಕೆ ಅಭ್ಯಾಸವೊಂದೇ ದಾರಿ: ಯಾತ್ರೆಗೆ ಮುನ್ನ ಎರಡು ತಿಂಗಳು ಊರ ಗುಡ್ಡವನ್ನು ಹತ್ತುವುದಷ್ಟೇ ಅಲ್ಲ, ಇಳಿಯುವುದನ್ನೂ ಶ್ರದ್ಧೆಯಿಂದ ಅಭ್ಯಾಸ ಮಾಡಬೇಕು. ಕೈಯಲ್ಲೊಂದು ಕೋಲು, ಹೆಜ್ಜೆ ಚಿಕ್ಕದು, ಮೊಣಕಾಲು ತುಸು ಬಾಗಿದ್ದು.

ಮುಂದಿನ ಯಾತ್ರಾಕಾಲಕ್ಕೆ ಮಠದಿಂದ ಒಂದು ತಂಡ ಹೊರಡಲಿದೆ. ಕೇದಾರದ ಬಾಗಿಲು ತೆರೆಯುವ ದಿನವನ್ನು ಮಹಾಶಿವರಾತ್ರಿಯಂದು ಊಖೀಮಠದಲ್ಲಿ ಸಾರಿದ ಮೇಲೆ ನಮ್ಮ ತೇದಿಯೂ ಗೊತ್ತಾಗುವುದು. ಬರುವವರು ಹದಿನಾಲ್ಕು ದಿನದ ರಜೆ ಹಾಕಿರಬೇಕು, ವೈದ್ಯರಿಂದ ಹೃದಯ ಪರೀಕ್ಷೆ ಮಾಡಿಸಿರಬೇಕು, ಗುಡ್ಡದ ಅ೦ಭ್ಯಾಸಕ್ಕೆ ಪ್ರತಿ ಸೋಮವಾರ ಬೆಳಗ್ಗೆ ಐದೂವರೆಗೆ ಮಠದ ಹಿಂಬಾಗಿಲ ಬಳಿ ಸೇರಬೇಕು. ಮೊದಲ ಹೆಸರು ಕೊಟ್ಟವರು ಮೇಷ್ಟರು. ಈಗ ಅವರಿಗೆ ಎಪ್ಪತ್ತು ದಾಟಿದೆ. ಎಡಗಾಲು ಸ್ವಲ್ಪ ಎಳೆಯುತ್ತದೆ. ಅವರ ಚೀಲ ಹೊರುವುದಕ್ಕೆಂದು ಆ ಹುಡುಗ ಈ ಸಲ ಗುಪ್ತಕಾಶಿಗೇ ಬರುತ್ತೇನೆಂದು ಬರೆದಿದ್ದಾನೆ.